ತಂದೂರಿನ ಬದಿಯ ಮಾತು

ಮಾರ್ಚ್ ೯, ಕ್ವೆಟ್ಟಾ

ಅಮ್ಮ ಬಿದ್ದು ಮೂರು ದಿನವಾಯಿತು. ಬರೆಯಲು ಇವತ್ತು ಪುರುಸೊತ್ತು ಸಿಕ್ಕಿದೆ. ಹೆಂಗಸರ ವಾರ್ಡಿನೊಳಗೆ ಗಂಡಸರನ್ನು ಹೊತ್ತು ನೋಡಿ ಬಿಡುತ್ತಾರೆ. ಉಳಿದ ಹೊತ್ತು ನನಗೆ ಆಸ್ಪತ್ರೆಯ ಹಿತ್ತಲಿನ ಕಲ್ಲುಬೆಂಚೇ ಗತಿ.

ಅಂದು ಬೆಳಿಗ್ಗೆ ತಂದೂರಿನಲ್ಲಿ ರೊಟ್ಟಿ ಬಡಿಯುತ್ತಿದ್ದವಳು ಹಾಗೆಯೇ ಪಕ್ಕಕ್ಕೆ ವಾಲಿದಳಂತೆ. ನಾನು ಶಾಲೆಯಲ್ಲಿದ್ದೆ. ಚಳಿಗಾಲದ ರಜೆ ಮುಗಿದು ಶಾಲೆ ತೆರೆದ ವಾರವೇ ಹೀಗಾಯಿತು. ಬಲಗೈ, ಬಲಗಾಲು ಸೋತಿವೆ. ಬಾಯಿ ತುಸು ಓರೆಯಾಗಿದೆ. ಮಾತು ಪೂರಾ ಹೋಗಿತ್ತು. ಇವತ್ತು ಏನೋ ಶಬ್ದ ಹೊರಡಿಸುತ್ತಿದ್ದಾಳೆ, ಆದರೆ ಅದು ಮಾತಲ್ಲ, ಬರೀ ತೊದಲು. "ಅಮ್ಮಾ, ನಾನು ಷಹದಾದ್" ಎಂದು ಹತ್ತು ಸಲ ಹೇಳಿದೆ. ನನ್ನ ಮುಖ ನೋಡಿದಳು, "ದೀರ್, ದೀರ್" ಎಂದಳು, ಆಮೇಲೆ ಬೇಸತ್ತವಳಂತೆ ಗೋಡೆಯ ಕಡೆ ತಿರುಗಿದಳು.

ಅವಳ ಬಾಯಿಂದ ನಮ್ಮ ಮನೆಮಾತಾದ ಬಲೂಚಿಯ ಸರಿಯಾದ ಒಂದೇ ಒಂದು ಶಬ್ದ ಬಂದರೂ ಸಾಕು, ಜೀವ ಬಂದಂತಾಗುತ್ತದೆ. ಇಪ್ಪತ್ತೆಂಟನೇ ತಾರೀಕು ಮಸ್ತುಂಗಿನಲ್ಲಿ ನಮ್ಮ ಬಲೂಚಿ ಸಾಹಿತ್ಯ ಬಳಗದ ಸಭೆಯಿದೆ. ಕಾರ್ಯದರ್ಶಿಯಾಗಿ 'ತಾಯಿಯ ಹಾಲು, ತಾಯಿಯ ನುಡಿ' ಎಂಬ ಲೇಖನವನ್ನು ನಾನೇ ಓದಬೇಕು. ಒಂಬತ್ತು ಪುಟವಾಗಿದೆ. ಇಂಥ ಹೊತ್ತಿನಲ್ಲಿ ಅದರ ನೆನಪಾಗುವುದು ತಪ್ಪೆಂದು ಗೊತ್ತಿದೆ. ಆದರೂ ಆಗುತ್ತದೆ.

ಮಾರ್ಚ್ ೧೦

ಇವತ್ತು ನಾಚಿಕೆಪಡುವಂತಾಯಿತು.

ನೆಲ ಒರೆಸಲು ಬಂದ ಹೆಂಗಸು ಅಮ್ಮನ ಮಂಚದ ಬಳಿ ನಿಂತು ನನ್ನನ್ನು ಮೇಲಿಂದ ಕೆಳಗೆ ನೋಡಿದಳು.

"ಮಾಸ್ತರ್ರು ಅಂತೀರಿ, ನಿಮ್ಮಮ್ಮ ನಿನ್ನೆಯಿಂದ ನೀರು ಕೇಳ್ತಿದಾರೆ, ನೀವು ನಿಂತು ನೋಡ್ತಿದೀರಲ್ಲ?"

"ನೀರು ಕೇಳಿದಳಾ? ಯಾವಾಗ?"

"ದೀರ್ ದೀರ್ ಅಂದ್ರೆ ಇನ್ನೇನು? ಬ್ರಾಹುಯಿಲಿ ನೀರಿಗೆ ಹಾಗೇ ಅಲ್ವಾ ಅನ್ನೋದು. ನಮ್ಮನೆ ಮಾತೂ ಅದೇ."

ಅವಳೇ ಬಕೆಟ್ಟು ಬದಿಗಿಟ್ಟು, ಕೈ ತೊಳೆದು ಬಂದು, ನರ್ಸನ್ನು ಕೇಳಿ, ಚಮಚದಲ್ಲಿ ನೀರು ಕುಡಿಸಿದಳು. ಅಮ್ಮ ಅವಳ ಮಣಿಕಟ್ಟು ಹಿಡಿದುಕೊಂಡು ಏನೇನೋ ಹೇಳಿದಳು. ಅವಳು "ಹೂಂ, ಹೂಂ" ಎನ್ನುತ್ತ ಕೇಳಿಸಿಕೊಂಡಳು. ನಾನು ಮಂಚದ ಕಾಲಿನ ಹಾಗೆ ನಿಂತಿದ್ದೆ.

ಡಾಕ್ಟರನ್ನು ಕೇಳಿದೆ. ಎರಡು ಭಾಷೆ ಬಲ್ಲವರಿಗೆ ಹೀಗಾಗುವುದುಂಟಂತೆ: ಒಂದು ಉಳಿದು ಇನ್ನೊಂದು ಮರೆಯಾಗುತ್ತದೆ, ಮರೆಯಾದದ್ದು ಮತ್ತೆ ಬರಬಹುದು, ಬಾರದೆಯೂ ಇರಬಹುದು. "ಅವರು ಯಾವ ಭಾಷೆ ಆಡ್ತಾರೋ ಅದರಲ್ಲೇ ಮಾತಾಡಿಸಿ. ಸುಮ್ನೆ ಕೂರಿಸಬೇಡಿ" ಎಂದರು.

ಅಮ್ಮ ಬ್ರಾಹುಯಿ ಆಡುವ ಮನೆಯವಳು ಎಂಬುದು ನನಗೆ ಗೊತ್ತಿಲ್ಲದ್ದಲ್ಲ. ನಮ್ಮ ಬಂಗುಲ್‌ಝೈ ಬುಡಕಟ್ಟಿನಲ್ಲಿ ಕೆಲವು ಮನೆತನಗಳದ್ದು ಬಲೂಚಿ, ಕೆಲವದ್ದು ಬ್ರಾಹುಯಿ. ಹೆಣ್ಣು ಕೊಟ್ಟು ತಂದುಕೊಳ್ಳುವುದು ಹಿಂದಿನಿಂದ ನಡೆದೇ ಇದೆ. ಆದರೆ ನಮ್ಮ ಮನೆಯ ಅಂಗಳದಲ್ಲಿ ಆ ಭಾಷೆಯ ಒಂದು ಶಬ್ದವನ್ನೂ ನಾನು ಕೇಳಿದವನಲ್ಲ. ಅವಳಿಗೆ ಅದು ಮರೆತೇ ಹೋಗಿದೆ ಎಂದುಕೊಂಡಿದ್ದೆ.

ಮಾರ್ಚ್ ೧೬, ಮನೆ

ಅಮ್ಮನನ್ನು ಮನೆಗೆ ಕರೆತಂದೆವು. ಪಿಕಪ್ಪಿನಿಂದ ಇಳಿಸಿ ಹಾಸಿಗೆಯ ಮೇಲೆ ಮಲಗಿಸುತ್ತಿದ್ದಂತೆ ಅವಳು ಏನೋ ಹೇಳಿದಳು. ನಾನು ಹೆಂಡತಿ ಝರ್‌ಬಖ್ತಳಿಗೆ, "ಅಮ್ಮನ ಮಾತು ಯಾರಿಗೂ ತಿಳಿಯೋದಿಲ್ಲ. ಬ್ರಾಹುಯಿ ಬಲ್ಲ ಯಾರನ್ನಾದರೂ ಹುಡುಕಬೇಕು" ಎಂದು ಹೇಳುತ್ತಲೇ ಇದ್ದೆ. ಅಷ್ಟರಲ್ಲಿ ಅವಳು ಅಮ್ಮನ ತಲೆಯ ಹತ್ತಿರ ಬಾಗಿ, ಅದೇ ಭಾಷೆಯಲ್ಲಿ ಉತ್ತರ ಕೊಟ್ಟಳು. ಒಂದು ಶಬ್ದವಲ್ಲ, ಎರಡಲ್ಲ. ಅಡೆತಡೆಯಿಲ್ಲದೆ, ನಲ್ಲಿ ತಿರುಗಿಸಿದ ಹಾಗೆ.

ಅಮ್ಮ ಅತ್ತಳು. ಝರ್‌ಬಖ್ತಳೂ ಅತ್ತಳು. ಮಗಳು ಮಾಹಿಕಾನ್ ಒಳಗಿನಿಂದ ದಿಂಬು ತಂದವಳು ತಾನೂ ಅದೇ ಭಾಷೆಯಲ್ಲಿ ಅಜ್ಜಿಯನ್ನು ಏನೋ ಕೇಳಿದಳು.

ನಾನು ಶಾಲೆಯ ಹಾಜರಿ ಪುಸ್ತಕ ನೋಡುವ ನೆಪದಲ್ಲಿ ಹೊರಗೆ ಬಂದೆ.

ಮಾರ್ಚ್ ೧೭

ಮದುವೆಯಾಗಿ ಇಪ್ಪತ್ತು ವರ್ಷ. ಇವತ್ತು ಯಾರೊಂದಿಗೂ ಮಾತಾಡಲಿಲ್ಲ.

ಮಾರ್ಚ್ ೧೮

ಕೇಳಿಯೇ ಬಿಟ್ಟೆ. ಅವಳು ಹಿಟ್ಟು ನಾದುತ್ತಿದ್ದಳು.

"ಯಾವಾಗ ಕಲಿತೆ?"

"ಬಂದ ವರ್ಷಾನೇ. ತಂದೂರಿನ ಹತ್ತಿರ ನಾವಿಬ್ರೇ ಇರ್ತಿದ್ವಲ್ಲ. ನಿಮ್ಮಮ್ಮ ಹೇಳಿಕೊಟ್ರು. ರೊಟ್ಟಿ ಸುಟ್ಟು ಮುಗಿಯೋವರೆಗೆ ಅದೇ ಮಾತು. ಗಂಡಸ್ರು ಬಂದ್ರೆ ಬಲೂಚಿ."

"ನನಗ್ಯಾಕೆ ಹೇಳಲಿಲ್ಲ?"

"ನೀವ್ಯಾವತ್ತು ಕೇಳಿದ್ರಿ?" ಹಿಟ್ಟಿನ ಉಂಡೆ ಮುರಿದಳು. "ಮತ್ತೆ ನಿಮಗೆ ಹೇಳಿದ್ರೆ ಅದನ್ನೂ ಒಂದು ಲೇಖನ ಮಾಡಿ ಓದ್ತಿದ್ರಿ."

"ಅಂದ್ರೆ ಈ ಮನೇಲಿ ಗೊತ್ತಿಲ್ಲದವರು ನಾನು ಮತ್ತೆ ನಾಯಿ."

"ನಾಯಿಗೂ ಗೊತ್ತು ರೀ. ನಿಮ್ಮಮ್ಮ ಅದನ್ನ ಬಯ್ಯೋದು ಅದರಲ್ಲೇ."

ನಗು ಬಂತು. ಅವಳಿಗೆ ಕಾಣದಂತೆ ತಿರುಗಿಕೊಂಡೆ. ಸಿಟ್ಟು ಇನ್ನೂ ಹೋಗಿಲ್ಲ. ಆದರೆ ಅದು ಯಾರ ಮೇಲಿನ ಸಿಟ್ಟು ಎಂದು ಯೋಚಿಸಬೇಕು.

ಮಾರ್ಚ್ ೨೪

ಪಾಠ ಶುರುವಾಗಿ ನಾಲ್ಕು ದಿನ. ಸಂಜೆ ಶಾಲೆಯಿಂದ ಬಂದ ಮೇಲೆ ಒಂದು ತಾಸು. ಗುರು ನನ್ನ ಹೆಂಡತಿ. ಇಪ್ಪತ್ತೆರಡು ವರ್ಷ ಮಕ್ಕಳ ಕಿವಿ ಹಿಂಡಿದವನಿಗೆ ಈಗಿನ ಪಾಡು ಯಾರಿಗೂ ಬೇಡ.

ಇವತ್ತು ನಾನೊಬ್ಬನೇ ಅಮ್ಮನ ಬಳಿ ಇದ್ದೆ. ಅವಳು ನನ್ನನ್ನೇ ದಿಟ್ಟಿಸಿ ಒಂದು ಶಬ್ದ ಹೇಳಿದಳು. ನಿನ್ನೆಯಷ್ಟೇ 'ದೇರ್' ಎಂದರೆ 'ಯಾರು' ಎಂದು ಕಲಿತಿದ್ದೆ. ಹೆತ್ತ ತಾಯಿ ನೀನು ಯಾರೆಂದು ಕೇಳುತ್ತಿದ್ದಾಳಲ್ಲ ಎಂದುಕೊಂಡೆ. ಹತ್ತಿರ ಕುಳಿತು, ನಾನು ನಿನ್ನ ಮಗ, ನನ್ನ ಹೆಸರು ಷಹದಾದ್, ನಾನು ಹೆಡ್‌ಮಾಸ್ತರ್ ಎಂದು ಕಲಿತಷ್ಟರಲ್ಲಿ ಜೋಡಿಸಿ ಹೇಳಿದೆ. ಅವಳು ಮತ್ತೆ ಅದನ್ನೇ ಹೇಳಿದಳು. ನಾನು ಮತ್ತೆ ನನ್ನ ಪರಿಚಯ ಹೇಳಿದೆ. ಮೂರನೇ ಸಲಕ್ಕೆ ಅವಳು ಎಡಗೈ ಎತ್ತಿ ನೀರಿನ ಹೂಜಿ ತೋರಿಸಿದಳು.

ದೀರ್. ದೇರ್ ಅಲ್ಲ.

ಬಾಗಿಲಲ್ಲಿ ನಿಂತಿದ್ದ ಮಾಹಿಕಾನ್ ನಕ್ಕು ನಕ್ಕು ನೆಲಕ್ಕೆ ಕುಳಿತಳು. ಅಮ್ಮನ ಓರೆ ಬಾಯಿಯೂ ಅಲುಗಿತು. ಬಿದ್ದ ಮೇಲೆ ಅವಳು ನಕ್ಕಿದ್ದು ಇದೇ ಮೊದಲು.

ಮಾರ್ಚ್ ೨೮

ಸಭೆಗೆ ಹೋಗಲಿಲ್ಲ. ಕೆಮ್ಮು ಎಂದು ಹೇಳಿ ಕಳಿಸಿದೆ. ಕೆಮ್ಮಿಲ್ಲ.

ಏಪ್ರಿಲ್ ೬

ಕೆಲವು ದಿನಗಳಿಂದ ಅಮ್ಮ 'ಲಾಲೋ' ಎನ್ನುತ್ತಿದ್ದಾಳೆ. ಊಟಕ್ಕೆ ಕೂರಿಸಿದರೆ ಬಾಗಿಲ ಕಡೆ ನೋಡುತ್ತಾಳೆ. ಲಾಲೋ ಬರಲಿ, ಆಮೇಲೆ ಉಣ್ಣುತ್ತೇನೆ ಎನ್ನುತ್ತಾಳೆ. ಇದನ್ನು ಯಾರೂ ನನಗೆ ಬಿಡಿಸಿ ಹೇಳಬೇಕಾಗಲಿಲ್ಲ, ನನಗೇ ತಿಳಿಯಿತು. ಬರೆದಿಡಬೇಕೆನಿಸಿತು.

ಲಾಲೋ ಅಂದರೆ ಲಾಲ್ ಬೀಬಿ, ಅಮ್ಮನ ತಂಗಿ. ಮೇಲಿನ ಹಳ್ಳಿಯಲ್ಲಿ ಅಣ್ಣನ ಮನೆಯಲ್ಲೇ ಇದ್ದಾಳೆ, ವಿಧವೆ. ಇಲ್ಲಿಂದ ಪಿಕಪ್ಪಿನಲ್ಲಿ ಮುಕ್ಕಾಲು ತಾಸಿನ ದಾರಿ. ಆದರೆ ನಮ್ಮವರು ಅಲ್ಲಿಗೆ ಹೋಗುವುದಿಲ್ಲ, ಅಲ್ಲಿಯವರು ಇಲ್ಲಿಗೆ ಬರುವುದಿಲ್ಲ.

ಜಗಳ ಕಾರೀಝಿನದು. ಬೆಟ್ಟದ ಬುಡದಿಂದ ನೆಲದಡಿಯಲ್ಲಿ ಸುರಂಗ ತೋಡಿ ತಂದ ನೀರು ಎರಡೂ ಊರುಗಳ ಪಾಲಿನದಾಗಿತ್ತು. ನನಗೆ ಆರು ವರ್ಷವಿದ್ದಾಗ ಬೇಸಿಗೆಯಲ್ಲಿ ಸರದಿ ತಪ್ಪಿತು. ಮೇಲಿನವರು ನಮ್ಮ ಪಾಳಿಯ ನೀರು ತಿರುಗಿಸಿಕೊಂಡರೆಂದು ನಮ್ಮವರು, ನಮ್ಮವರು ಒಡ್ಡು ಒಡೆದರೆಂದು ಅವರು. ಗುದ್ದಲಿ ಏಟಿಗೆ ಅಪ್ಪನ ಭುಜದ ಮೂಳೆ ಮುರಿಯಿತು. ಅಂದಿನಿಂದ ಆ ಕಡೆಯ ಜನ, ಆ ಕಡೆಯ ಮಾತು ಎರಡೂ ನಮ್ಮ ಅಂಗಳಕ್ಕೆ ಬರಕೂಡದು ಎಂದು ಅಪ್ಪ ಹೇಳಿದ. ಅವಳ ತವರಿನ ಮೇಲೆ, ಅವಳ ಮಾತಿನ ಮೇಲೆ ಅಪ್ಪ ಹಾಗೆ ಬಾಗಿಲು ಹಾಕಿದಾಗ ಅಮ್ಮ ಏನೆಂದಳೋ ನನಗೆ ಗೊತ್ತಿಲ್ಲ. ಬಹುಶಃ ರೊಟ್ಟಿ ಬಡಿಯಲು ಹೋಗಿರಬೇಕು.

ಕಾರೀಝ್ ಬತ್ತಿ ಹದಿನೆಂಟು ವರ್ಷವಾಯಿತು. ಈಗ ಎರಡೂ ಊರುಗಳಲ್ಲಿ ಕೊಳವೆಬಾವಿ, ಅದಕ್ಕೆ ಸೋಲಾರ್ ಫಲಕ. ಜಗಳ ಮಾತ್ರ ಬತ್ತಿಲ್ಲ.

ಝರ್‌ಬಖ್ತ್ ಕೇಳಿದಳು: "ಹೋಗಿ ಕರ್ಕೊಂಡ್ ಬರಬಾರದಾ?"

"ಬರ್ತಾರೆ ಅಂತೀಯಾ?"

"ನೀವು ಕರೆದ್ರೆ ಬರಲ್ಲ ಅಂತ ನಿಮಗ್ಯಾಕೆ ಅಷ್ಟು ಗ್ಯಾರಂಟಿ?"

ಅವಳಿಗೆ ಗೊತ್ತಿಲ್ಲದ ಸಂಗತಿಯೂ ಈ ಮನೆಯಲ್ಲಿ ಒಂದಿದೆ.

ಏಪ್ರಿಲ್ ೭

ಇಲ್ಲಿ ಬರೆಯದಿದ್ದರೆ ಇನ್ನೆಲ್ಲಿಯೂ ಬರೆಯಲಾರೆ.

ಅಪ್ಪ ತೀರಿಕೊಂಡ ಮೂರನೆಯ ದಿನ. ನನಗೆ ಇಪ್ಪತ್ತನಾಲ್ಕು ವರ್ಷ, ಇನ್ನೂ ಮದುವೆಯಾಗಿರಲಿಲ್ಲ. ಅಂಗಳದಲ್ಲಿ ಕಂಬಳಿ ಹಾಸಿ ಕುಳಿತಿದ್ದೆವು; ಬಂದವರೆಲ್ಲ ಕೈಯೆತ್ತಿ ಪ್ರಾರ್ಥಿಸುತ್ತಿದ್ದರು, ಅವರೊಂದಿಗೆ ನಾವೂ ಎತ್ತುತ್ತಿದ್ದೆವು. ಮಧ್ಯಾಹ್ನ ಸೋದರಮಾವ ಮೀರ್ ಹಸನ್ ನಾಲ್ಕು ಜನರೊಂದಿಗೆ ಬಂದ. ಹದಿನೆಂಟು ವರ್ಷದ ನಂತರ ಅವನು ನಮ್ಮ ಅಂಗಳಕ್ಕೆ ಕಾಲಿಟ್ಟದ್ದು ಅಂದೇ. ಕುಳಿತು ಕೈಯೆತ್ತಿದ.

ನಾನು ಎತ್ತಲಿಲ್ಲ. ನನ್ನನ್ನು ನೋಡಿ ನಮ್ಮ ಕಡೆಯ ಉಳಿದವರೂ ಎತ್ತಲಿಲ್ಲ.

ಅವನು ಎತ್ತಿದ ಕೈಯನ್ನು ಬಹಳ ಹೊತ್ತು ಹಾಗೆಯೇ ಹಿಡಿದಿದ್ದ. ಆಮೇಲೆ ಒಬ್ಬನೇ ಮುಖ ಸವರಿಕೊಂಡು ಎದ್ದು ಹೋದ. ಚಹಾ ಕೂಡ ಕೊಡಲಿಲ್ಲ ನಾವು. ಅಪ್ಪ ಇದ್ದಿದ್ದರೆ ಇದನ್ನೇ ಮಾಡುತ್ತಿದ್ದ ಎಂದು ನನಗೆ ಹೆಮ್ಮೆಯಾಗಿತ್ತು. ಅಮ್ಮ ಒಳಗೆ ಕಿಟಕಿಯ ಹತ್ತಿರ ಇದ್ದಳು. ಎಲ್ಲವನ್ನೂ ನೋಡಿರುತ್ತಾಳೆ. ಅವತ್ತಾಗಲಿ ಆಮೇಲಾಗಲಿ ನನಗೆ ಒಂದು ಮಾತೂ ಅನ್ನಲಿಲ್ಲ.

ಏಪ್ರಿಲ್ ೧೯

ಸೇಬಿನ ಗಿಡಗಳು ಹೂಬಿಟ್ಟಿವೆ. ಅಮ್ಮನನ್ನು ದಿನಾ ಬೆಳಿಗ್ಗೆ ಕುರ್ಚಿಯಲ್ಲಿ ಕೂರಿಸಿ ಹೊರಗೆ ತರುತ್ತೇನೆ. ಬಲಗೈ ಬೆರಳುಗಳನ್ನು ಒಂದೊಂದಾಗಿ ಬಿಡಿಸಿ ನೀವುವುದು ನನ್ನ ಕೆಲಸ, ಡಾಕ್ಟರು ತೋರಿಸಿಕೊಟ್ಟಿದ್ದಾರೆ. ಬೆರಳು ನೀವುತ್ತ ಎಣಿಸುತ್ತೇವೆ. ಅಸಿಟ್, ಇರಟ್, ಮುಸಿಟ್. ಮೂರರವರೆಗೆ ನಾನು, ಆಮೇಲೆ ಅವಳು. ನಾನು ತಪ್ಪಿದರೆ ಎಡಗೈಯಿಂದ ನನ್ನ ಕಿವಿ ಹಿಡಿಯುತ್ತಾಳೆ.

ಅವಳ ಮಾತು ದಿನೇ ದಿನೇ ಬಿಚ್ಚಿಕೊಳ್ಳುತ್ತಿದೆ. ಇಷ್ಟು ಮಾತಿನ ಹೆಂಗಸು ಎಂದು ನನಗೆ ತಿಳಿದೇ ಇರಲಿಲ್ಲ. ಬಲೂಚಿಯಲ್ಲಿ ಅವಳದು ಎಣಿಸಿಟ್ಟ ಮಾತು: ಊಟಕ್ಕೆ ಬಾ, ಬಾಗಿಲು ಹಾಕು, ದೇವರು ಕಾಪಾಡಲಿ. ಬ್ರಾಹುಯಿಯಲ್ಲಿ ಅವಳು ಚಾಡಿ ಹೇಳುತ್ತಾಳೆ. ನಮ್ಮ ಪಕ್ಕದ ಮನೆಯ ಹಾಜಿಯ ಗಡ್ಡಕ್ಕೆ ಮೇಕೆಯ ಯಾವ ಭಾಗದ ಹೋಲಿಕೆ ಕೊಟ್ಟಳು ಎಂದು ಇಲ್ಲಿ ಬರೆಯಲಾರೆ. ಆ ಶಬ್ದ ಗೊತ್ತಾಗದೆ ಝರ್‌ಬಖ್ತಳನ್ನು ಕೇಳಿದೆ. ಅವಳು ಸೆರಗಿನಿಂದ ಬಾಯಿ ಮುಚ್ಚಿಕೊಂಡು ಒಳಗೆ ಓಡಿದಳು.

ಮೇ ೨

ಮೂರು ದಿನದಿಂದ ಅಮ್ಮ ಸರಿಯಾಗಿ ಉಣ್ಣುತ್ತಿಲ್ಲ. ಇವತ್ತು ಹಾಲಿನ ಬಟ್ಟಲು ಹಿಡಿದುಕೊಂಡು, "ಲುಮ್ಮಾ, ಎರಡು ಗುಟುಕು" ಎಂದು ಗೋಗರೆದೆ. ಅವರ ಮಾತಿನಲ್ಲಿ ಅಮ್ಮನಿಗೆ ಹಾಗೆನ್ನುತ್ತಾರೆ. ಅವಳು ಬಟ್ಟಲು ಸರಿಸಿ ಕೇಳಿದಳು:

"ಲಾಲೋ ಸತ್ತೋದ್ಳಾ? ಅದಕ್ಕೇ ಬರ್ತಿಲ್ವಾ? ನಿಜ ಹೇಳು."

"ಇಲ್ಲಮ್ಮ, ಇದಾಳೆ."

"ಇದ್ದರೆ ಬಂದಿರ್ತಿದ್ಲು."

ಹೊರಗೆ ಬಂದು ಝರ್‌ಬಖ್ತಳಿಗೆ ಎಲ್ಲವನ್ನೂ ಹೇಳಿದೆ, ಆ ಮೂರನೆಯ ದಿನದ್ದನ್ನೂ. ಬಯ್ಯುತ್ತಾಳೆಂದುಕೊಂಡೆ. ನನ್ನ ಕೈಯಿಂದ ಹಾಲಿನ ಬಟ್ಟಲು ತೆಗೆದುಕೊಂಡಳು.

"ನಿಮ್ಮಮ್ಮ ನನಗೆ ಹೇಳಿದಾರೆ ಅದನ್ನ. ಮದುವೆಯಾದ ಹೊಸದ್ರಲ್ಲೇ."

"ಏನಂತ ಹೇಳಿದ್ಳು?"

"ನನ್ನ ಮಗ ಕೆಟ್ಟೋನಲ್ಲ, ಆವತ್ತು ಅವರಪ್ಪನ ಅಂಗಿ ಹಾಕ್ಕೊಂಡಿದ್ದ, ಅಷ್ಟೇ. ಹಾಗಂತ."

ನಾಡಿದ್ದು ಮೇಲಿನ ಹಳ್ಳಿಗೆ ಹೋಗುತ್ತೇನೆ. ಅವಳೂ ಬರುತ್ತಾಳಂತೆ. ಇದು ಗಂಡಸರ ವ್ಯವಹಾರ, ನೀನೇಕೆ ಎಂದೆ. "ನೀವೊಬ್ರೇ ಹೋದ್ರೆ ಹೊರಗಿಂದ ಹೊರಗೇ ಕಳಿಸ್ತಾರೆ. ಹೆಂಗಸು ಬಂದು ಬಾಗಿಲಲ್ಲಿ ನಿಂತ್ರೆ ಕಳಿಸೋಕಾಗಲ್ಲ" ಎಂದಳು. ಅದು ನಿಜ. ನಮ್ಮಲ್ಲಿ ಎಂಥ ಹಗೆಯಿದ್ದರೂ ಹೆಣ್ಣು ಬಾಗಿಲಿಗೆ ಬಂದು ಕೇಳಿದ್ದನ್ನು ಇಲ್ಲವೆನ್ನುವುದಿಲ್ಲ.

ಮೇ ೪

ಎಲ್ಲವನ್ನೂ ಬರೆಯಬೇಕು.

ಬೆಳಿಗ್ಗೆ ಎಂಟಕ್ಕೆ ಹೊರಟೆವು. ಹಾಜಿಯ ಪಿಕಪ್ಪನ್ನೇ ಕೇಳಿ ತಂದಿದ್ದೆ. ದಾರಿಯುದ್ದಕ್ಕೂ ಹಳೆಯ ಕಾರೀಝಿನ ಬಾಯಿಗಳು, ಸುತ್ತ ಮಣ್ಣು ಪೇರಿಸಿದವು, ಒಂದರ ಹಿಂದೊಂದು ಬೆಟ್ಟದ ತನಕ. ನಾನು ಹೇಳಬೇಕಾದದ್ದನ್ನು ಬಾಯಿಪಾಠ ಮಾಡುತ್ತಿದ್ದೆ.

ಮಾವ ತೋಟದಲ್ಲಿದ್ದ. ಕೋಲೂರಿಕೊಂಡು ಸೇಬಿನ ಸಾಲಿಗೆ ನೀರು ತಿರುಗಿಸುತ್ತಿದ್ದ. ಎಂಬತ್ತರ ಹತ್ತಿರದವನು, ಸೊರಗಿದ್ದಾನೆ, ಆದರೆ ಬೆನ್ನು ಬಾಗಿಲ್ಲ. ಅವನ ಮಗ ಖುದಾದಾದ್ ನನಗಿಂತ ನಾಲ್ಕೈದು ವರ್ಷಕ್ಕೆ ದೊಡ್ಡವನು. ಅವನು ಮೊದಲು ಪಿಕಪ್ಪನ್ನು, ಆಮೇಲೆ ನನ್ನನ್ನು ನೋಡಿ, ತನ್ನ ಕಡೆಯವರಿಗೆ ಗಟ್ಟಿಯಾಗಿಯೇ ಹೇಳಿದ. ನನಗೆ ತಿಳಿಯುವುದಿಲ್ಲವೆಂಬ ಧೈರ್ಯ.

"ನೋಡ್ರಪ್ಪ, ಬಲೂಚ್ ಸಾಹೇಬ್ರಿಗೆ ಇಷ್ಟು ವರ್ಷದ ಮೇಲೆ ದಾರಿ ಕಾಣಿಸ್ತು. ಕತ್ತೆ ಆಗಿದ್ರೂ ಇಷ್ಟು ಹೊತ್ತಿಗೆ ಹುಡುಕ್ಕೊಂಡು ಬಂದಿರ್ತಿತ್ತು."

ನಾನು ಬಾಯಿಪಾಠ ಮಾಡಿದ್ದೆಲ್ಲ ಮರೆತುಹೋಯಿತು. ಅವನ ಮಾತಿನಲ್ಲೇ ಹೇಳಿದೆ:

"ಕತ್ತೆಗಳು ಈಗ ಬಂದಿದೀವಿ."

ಬಾಗಿಲ ಬಳಿ ಚಾದರ ಹೊದ್ದು ನಿಂತಿದ್ದ ನನ್ನ ಹೆಂಡತಿ ಅದೇ ಮಾತಿನಲ್ಲಿ ತಿದ್ದಿದಳು: "ಒಂದೇ ಕತ್ತೆ. ನಾನು ಜೊತೆಗೆ ಬಂದೋಳು."

ಮೊದಲು ನಕ್ಕವನು ಖುದಾದಾದ್. ನಗಬಾರದೆಂದು ಹಲ್ಲುಕಚ್ಚಿ, ಆಗದೆ, ಬೇಲಿಗೆ ಒರಗಿ ನಕ್ಕ. ಮಾವ ನಗಲಿಲ್ಲ. ಝರ್‌ಬಖ್ತಳ ಕಡೆ ನೋಡಿ, "ಮಗಳೇ, ಹೆಣ್ಣುಮಕ್ಕಳು ಬಿಸಿಲಲ್ಲಿ ನಿಲ್ಲಬಾರದು, ಒಳಗೆ ಬಾ" ಎಂದ.

"ನೀವು ಇವರ ಮಾತು ಕೇಳೋ ತನಕ ನಾನು ಇಲ್ಲೇ ನಿಲ್ತೀನಿ, ಮಾವಯ್ಯ" ಎಂದಳು.

ಹಾಗಾಗಿ ನಮ್ಮನ್ನು ಒಳಗೆ ಕೂರಿಸಿದರು. ದಿಂಬು ಕೊಟ್ಟರು. ಪದ್ಧತಿಯಂತೆ ಮಾವ ನನ್ನ ಕ್ಷೇಮ ಸಮಾಚಾರ ಕೇಳಿದ. ಬಂದವನು ತನ್ನ ಸುದ್ದಿಯನ್ನು ಮೊದಲಿನಿಂದ ಕೊನೆಯವರೆಗೆ ಕೊಡಬೇಕು. ನಾನು ಕೊಟ್ಟೆ. ಅಮ್ಮ ಬಿದ್ದದ್ದು, ನೀರು ಕೇಳಿದ್ದು, ನಾನು ತಿಳಿಯದೆ ನಿಂತದ್ದು, ಲಾಲೋ ಲಾಲೋ ಎನ್ನುತ್ತಿರುವುದು. ಎಷ್ಟೋ ಕಡೆ ಶಬ್ದ ಸಿಗಲಿಲ್ಲ. ಸಿಗದಲ್ಲಿ ಖುದಾದಾದನೇ ಶಬ್ದ ಎತ್ತಿಕೊಟ್ಟ. ಕೊನೆಗೆ ಹೇಳಬೇಕಾದ್ದು ಉಳಿಯಿತು.

"ಮಾವಾ, ಆವತ್ತು ನೀನು ಕೈ ಎತ್ತಿದೆ. ನಾನು ಎತ್ತಲಿಲ್ಲ. ನಾನು ಮಾಡಿದ್ದು ತಪ್ಪು. ನೀನು ಏನು ಹೇಳಿದರೂ ಕೇಳ್ತೀನಿ."

ಮಾವ ಕೋಲಿನ ತುದಿಯಿಂದ ಕಂಬಳಿಯ ಅಂಚನ್ನು ಸರಿಮಾಡುತ್ತಲೇ ಇದ್ದ. ಆಮೇಲೆ ಕೋಲು ಪಕ್ಕಕ್ಕಿಟ್ಟು, ಎರಡೂ ಕೈ ಎತ್ತಿದ.

"ನಿಮ್ಮಪ್ಪನಿಗೆ" ಎಂದ.

ನಾನು ಎತ್ತಿದೆ. ಖುದಾದಾದ್ ಎತ್ತಿದ. ಕೋಣೆಯಲ್ಲಿದ್ದವರೆಲ್ಲ ಎತ್ತಿದರು. ಸತ್ತು ಇಪ್ಪತ್ತೆರಡು ವರ್ಷವಾದ ನನ್ನ ತಂದೆಗಾಗಿ, ಅವನ ಭುಜ ಮುರಿದವರ ಮನೆಯಲ್ಲಿ ಕುಳಿತು ನಾವು ಪ್ರಾರ್ಥನೆ ಮಾಡಿದೆವು. ನಾನು ಮುಖ ಸವರಿಕೊಂಡಾಗ ಅಂಗೈ ಒದ್ದೆಯಾಯಿತು.

"ನಡೆಯೋದನ್ನ ಕಲಿತಿದ್ದು ನೀನು ಈ ಅಂಗಳದಲ್ಲೇ. ಆರು ವರ್ಷದ ತನಕ ಈ ಮಾತೇ ಆಡ್ತಿದ್ದೆ, ಬಾಯಿ ಮುಚ್ಚಿಸೋಕೆ ಆಗ್ತಿರಲಿಲ್ಲ. ಈಗೇನು ತೊದಲ್ತೀಯ?" ಎಂದ ಮಾವ.

ನನಗೆ ಅದೇನೂ ನೆನಪಿಲ್ಲ.

ಒಳಗಿನಿಂದ ಲಾಲೋ ಚಿಕ್ಕಮ್ಮ ಬಂದಳು. ಕಿವಿ ಪೂರ್ತಿ ಮಂದ. ಅವಳ ಕಿವಿಯಲ್ಲಿ ಝರ್‌ಬಖ್ತ್ ಕೂಗಿ ಕೂಗಿ ಹೇಳಿದ್ದನ್ನು ಕೇಳಿ, ಎಲ್ಲರೂ ತನ್ನಂತೆಯೇ ಕಿವುಡರೆಂಬಂತೆ ಅವಳೂ ಕೂಗಿದಳು: "ಬದುಕಿದಾಳಾ? ಮತ್ತೆ ಕರ್ಕೊಂಡ್ ಬಾ. ಸತ್ತ ಮೇಲೆ ತರೋಣ ಅಂತಿದೀಯೇನೋ?"

"ನೀನೇ ಬಾ ಚಿಕ್ಕಮ್ಮ, ಪಿಕಪ್ ಇದೆ" ಎಂದು ನಾನೂ ಕೂಗಿದೆ.

"ನಾನ್ಯಾಕೆ ಬರ್ಲಿ? ಅವಳು ದೊಡ್ಡೋಳು, ತವರಿಗೆ ಬರಬೇಕಾದೋಳು ಅವಳು. ನಲವತ್ತು ವರ್ಷದಿಂದ ಅವಳ ಹಾಸಿಗೆ ಬಿಸಿಲಿಗೆ ಹಾಕ್ತಿದೀನಿ ನಾನು."

ಕುರಿ ಕಡಿಯುತ್ತೇವೆ, ಉಂಡೇ ಹೋಗಬೇಕು ಎಂದು ಖುದಾದಾದ್ ಹಠ ಹಿಡಿದ. ಉಂಡು ಬಂದೆವು.

ಮೇ ೧೧

ಅಮ್ಮನನ್ನು ತವರಿಗೆ ಕರೆದೊಯ್ದೆವು. ಪಿಕಪ್ಪಿನ ಹಿಂದೆ ಎರಡು ಹಾಸಿಗೆ, ನಾಲ್ಕು ದಿಂಬು. ಅವಳ ತಲೆ ನನ್ನ ತೊಡೆಯ ಮೇಲೆ. ಎಲ್ಲಿಗೆ ಎಂದು ಹೇಳಿದ್ದರೂ ನಂಬಿರಲಿಲ್ಲ. ಕಾರೀಝಿನ ಮೊದಲ ಬಾಯಿ ಕಂಡಾಗ ನನ್ನ ಅಂಗಿ ಹಿಡಿದುಕೊಂಡಳು. ಆಮೇಲೆ ಬಿಡಲಿಲ್ಲ.

ಲಾಲೋ ಚಿಕ್ಕಮ್ಮ ಬೆಳಿಗ್ಗೆಯಿಂದ ಬಾಗಿಲಲ್ಲಿ ಸ್ಟೂಲು ಹಾಕಿ ಕುಳಿತಿದ್ದಳಂತೆ. ಅಮ್ಮನನ್ನು ಇಳಿಸಿದಾಗ ಹತ್ತಿರ ಬಂದು ಮುಖವನ್ನು ಎರಡೂ ಕೈಯಿಂದ ಸವರಿದಳು. ಓರೆಯಾದ ಬಾಯಿಯ ಕಡೆ ಹೆಬ್ಬೆರಳು ನಿಲ್ಲಿಸಿ, ಅದನ್ನು ಸರಿಮಾಡುವವಳಂತೆ ಮೆಲ್ಲಗೆ ಒತ್ತಿದಳು. ಗಂಡಸರು ತೋಟದ ಕಡೆ ಹೋದೆವು.

ಒಂದು ತಾಸಿನ ಮೇಲೆ ಚಹಾಕ್ಕೆಂದು ಬಂದರೆ ಒಳಗೆ ಜಗಳ. ಚಿಕ್ಕಂದಿನಲ್ಲಿ ಒಂದು ಕಂದು ಮೇಕೆಯಿತ್ತಂತೆ, ಅದು ಯಾರದೆಂದು. ಅಮ್ಮ ತನ್ನದೆನ್ನುತ್ತಾಳೆ, ಚಿಕ್ಕಮ್ಮನಿಗೆ ಅದು ಕೇಳಿಸುವುದಿಲ್ಲ, ಆದರೂ ಅಲ್ಲವೆನ್ನುತ್ತಾಳೆ. ಅಮ್ಮ ಎಡಗೈಯಿಂದ ನೆಲ ಗುದ್ದಿ, ಅರವತ್ತು ವರ್ಷದ ಹಿಂದೆ ಸತ್ತ ಮೇಕೆಗಾಗಿ ಕೂಗುತ್ತಿದ್ದಳು. ಅವಳು ಕೂಗಿದ್ದನ್ನು ನಾನು ಹುಟ್ಟಿದಾಗಿನಿಂದ ಕೇಳಿರಲಿಲ್ಲ.

ಸಂಜೆ ಮೂರು ರೊಟ್ಟಿ ತಿಂದಳು.

ಅವಳನ್ನು ಅಲ್ಲಿಯೇ ಬಿಟ್ಟು ಬಂದೆವು. ಪ್ರತಿ ಶುಕ್ರವಾರ ಹೋಗುವುದೆಂದು ಮಾತಾಗಿದೆ.

ಮೇ ೨೭

ಬಳಗದ ಗೆಳೆಯರು ಶಾಲೆಗೇ ಬಂದಿದ್ದರು. ಲೇಖನ ಏನಾಯಿತು ಎಂದರು. ಇನ್ನೂ ಮುಗಿದಿಲ್ಲ, ಕೆಲವು ವಿಷಯ ತಿಳಿದುಕೊಳ್ಳಬೇಕಾಗಿದೆ ಎಂದೆ. ಅವರು ಹೋದ ಮೇಲೆ ಒಂಬತ್ತು ಪುಟವನ್ನೂ ತೆಗೆದು ಓದಿದೆ. ಅಕ್ಷರ ಚೆನ್ನಾಗಿದೆ.

ಜೂನ್ ೮

ಶುಕ್ರವಾರ. ಅಮ್ಮನನ್ನು ಕರೆತರಲೆಂದು ಝರ್‌ಬಖ್ತ್ ಮತ್ತು ನಾನು ಹೋಗಿದ್ದೆವು. ತಿಂಗಳಾಗುತ್ತ ಬಂತು, ಸಾಕೆನಿಸಿತ್ತು. ಮನೆ ಖಾಲಿ ಖಾಲಿ, ನಾಯಿಯನ್ನು ಬಯ್ಯುವವರಿಲ್ಲ.

ಜರ್ದಾಳು ಹಣ್ಣಾಗಿದೆ. ಮರದ ಕೆಳಗೆ ಮಂಚ ಹಾಕಿ ಅಮ್ಮ, ಚಿಕ್ಕಮ್ಮ ಇಬ್ಬರೂ ಕುಳಿತು ಹಣ್ಣು ಬಿಡಿಸಿ ಬೀಜ ತೆಗೆದು ಚಾಪೆಯ ಮೇಲೆ ಹರಡುತ್ತಿದ್ದರು. ಅಮ್ಮ ಎಡಗೈಯಿಂದ ಹಣ್ಣು ಸೀಳಿ ಬಲಗೈಯಿಂದ ತಳ್ಳುತ್ತಾಳೆ. ಬಲಗೈ ತಳ್ಳುತ್ತದೆ ಎಂಬುದೇ ದೊಡ್ಡದು. ಖುದಾದಾದ್ ಹಿಡಿದುಕೊಂಡರೆ ಹತ್ತು ಹೆಜ್ಜೆ ನಡೆಯುತ್ತಾಳಂತೆ, ನಡೆದು ತೋರಿಸಿದಳು. ಹನ್ನೊಂದು ನಡೆದಳು, ನಾನು ಎಣಿಸಿದೆ.

ಹೊರಡೋಣವೇ ಎಂದು ಕೇಳಿದ್ದಕ್ಕೆ ನನ್ನನ್ನು ಕಾಲಿನಿಂದ ತಲೆಯವರೆಗೆ ನೋಡಿದಳು.

"ಯಾಕೋ ಹೀಗೆ ಒಣಗಿದೀಯ? ಮನೇಲಿ ಹಿಟ್ಟಿಲ್ವಾ? ಆ ಅಂಗಿ ಗುಂಡಿ ಹಾಕ್ಕೋ. ಇದೇ ಅವತಾರದಲ್ಲಿ ಶಾಲೆಗೆ ಹೋಗ್ತೀಯಾ ನೀನು, ಮಕ್ಕಳು ನಗಲ್ವಾ? ಈ ಹಣ್ಣು ಒಣಗೋ ತನಕ ನಾನು ಎಲ್ಲಿಗೂ ಬರಲ್ಲ. ಲಾಲೋಗೆ ಬಿಟ್ರೆ ಹುಳ ಬಿದ್ದಿದ್ದನ್ನೂ ಒಣಗಿ ಹಾಕ್ತಾಳೆ. ನನ್ನ ಕನ್ನಡಕ ಕಳಿಸು. ಮಾಹಿಕಾನಳನ್ನ ಕಳಿಸು, ರಜ ಬಂದ ಕೂಡ್ಲೆ."

"ಆಯ್ತಮ್ಮ" ಎಂದು ಗುಂಡಿ ಹಾಕಿಕೊಂಡೆ. ಮಾವ ತೋಟದಿಂದ ಕೂಗಿದ. ಹೋಗಿ ಅವನ ಜೊತೆ ಸೋಲಾರ್ ಫಲಕದ ತಂತಿ ನೋಡಿದೆ. ಮಧ್ಯಾಹ್ನ ಮಜ್ಜಿಗೆ, ರೊಟ್ಟಿ, ಒಣಮಾಂಸದ ಸಾರು. ಮೂರು ಗಂಟೆಗೆ ಹೊರಟೆವು. ಬುಟ್ಟಿ ತುಂಬ ಜರ್ದಾಳು ಕೊಟ್ಟರು.

ಅರ್ಧ ದಾರಿಗೆ ಬಂದಿದ್ದೆವು. ಬೇಸಿಗೆಯ ಧೂಳಿನಲ್ಲಿ ನಮ್ಮ ಊರಿನ ಪಾಪ್ಲರ್ ಮರಗಳು ದೂರದಲ್ಲಿ ಕಾಣುತ್ತಿದ್ದವು. ಝರ್‌ಬಖ್ತ್ ಬೆಳಿಗ್ಗೆಯಿಂದ ಒಂದು ಥರ ನೋಡುತ್ತಿದ್ದಳು. ಈಗ ಕೇಳಿದಳು:

"ಏನ್ರೀ, ನಿಮಗೇನೂ ಅನ್ನಿಸಲಿಲ್ವಾ?"

"ಏನು?"

"ಅಮ್ಮ ನಿಮ್ಮನ್ನ ಬೈದಿದ್ದು."

"ಬೈಲಿ ಬಿಡು. ಬೈಯೋ ಅಷ್ಟು ಚೇತರಿಸ್ಕೊಂಡಿದಾಳಲ್ಲ, ಅದೇ ಸಂತೋಷ."

"ಅದಲ್ಲ ರೀ. ಪೂರಾ ಬಲೂಚಿಲಿ ಬೈದ್ರು. ಬಿದ್ದ ಮೇಲೆ ಇದೇ ಮೊದಲು. ಬಾಯಿಂದ ಸಲೀಸಾಗಿ ಬಂತು, ನಾನು ನಿಂತಲ್ಲೇ ನಿಂತೆ. ನೀವು ಆಯ್ತಮ್ಮ ಅಂತ ಗುಂಡಿ ಹಾಕ್ಕೊಂಡು ಹೋದ್ರಿ."

ಗಾಡಿ ನಿಲ್ಲಿಸಿದೆ. ಅಮ್ಮ ಹೇಳಿದ ಒಂದೊಂದು ಮಾತೂ ನೆನಪಿದೆ: ಹಿಟ್ಟು, ಗುಂಡಿ, ಹುಳ, ಕನ್ನಡಕ. ಯಾವ ಭಾಷೆಯಲ್ಲಿ ಹೇಳಿದಳು ಎಂದು ಎಷ್ಟು ಯೋಚಿಸಿದರೂ ನೆನಪಾಗಲಿಲ್ಲ. ಈಗ ಬರೆಯುವಾಗಲೂ ಆಗುತ್ತಿಲ್ಲ.

ಝರ್‌ಬಖ್ತ್ ಊರು ಬರುವ ತನಕ ನಗುತ್ತಲೇ ಇದ್ದಳು. ನಾಳೆ ಕನ್ನಡಕ ಕಳಿಸಬೇಕು.